ನಡುವೂರಿನ ನರ್ಸಮ್ಮ

ಆ ಮಂಗಳವಾರ ತಿಟ್ಟಿಗೆ ಹೋಗುವ ಸರದಿ ಬೇರೆ ನರ್ಸ್‌ದು. ಆಕೆಗೆ ಜ್ವರ ಬಂದಿತ್ತು. ರಾತ್ರಿ ಪಾಳಿ ಮುಗಿಸಿ ಚೆನ್ನೈನ ಗಿಂಡಿಯ ಆಸ್ಪತ್ರೆಯಿಂದ ಮನೆಗೆ ಹೊರಟಿದ್ದ ಮೌನ, "ನಾನೇ ಹೋಗ್ಬರ್ತೀನಿ ಬಿಡಿ, ಅದರ ಬದಲು ಭಾನುವಾರ ರಜ ಕೊಡಿ" ಎಂದು ತಾನಾಗಿಯೇ ಒಪ್ಪಿಕೊಂಡಳು. ಭಾನುವಾರ ಮಗಳು ಪಾವನಾಳ ಹುಟ್ಟುಹಬ್ಬವಿತ್ತು. ಐದು ತುಂಬುವುದಿತ್ತು ಮಗುವಿಗೆ.

ಮೌನಳ ತವರು ಹನೂರಿನ ಹತ್ತಿರದ ಹಳ್ಳಿ. ಗಂಡ ಅಭಿಲಾಷನಿಗೆ ಗಿಂಡಿಯ ಕಾರ್ಖಾನೆಯೊಂದರಲ್ಲಿ ಎಂಜಿನಿಯರ್ ಕೆಲಸ ಸಿಕ್ಕಿದ ಮೇಲೆ ಇಬ್ಬರೂ ಚೆನ್ನೈಗೆ ಬಂದು ವೇಲಚೇರಿಯ ಮೂರನೇ ಮಹಡಿಯಲ್ಲಿ ಬಾಡಿಗೆ ಮನೆ ಹಿಡಿದಿದ್ದರು. ಮಳೆಗಾಲದಲ್ಲಿ ಕೆಳಗಿನ ಮನೆಗಳಿಗೆ ನೀರು ನುಗ್ಗುತ್ತದೆಂದು ಮೂರನೇ ಮಹಡಿಯೇ ಬೇಕೆಂದು ಹಟ ಹಿಡಿದವಳು ಅವಳು. ಎಲ್ಲದರಲ್ಲೂ ಅಷ್ಟು ಎಚ್ಚರದ ಹೆಂಗಸು.

ತಿಟ್ಟು ಎಂದರೆ, ನಗರದ ದಕ್ಷಿಣಕ್ಕೆ ಜೌಗು ಮುಗಿದು ಹಿನ್ನೀರು ಶುರುವಾಗುವಲ್ಲಿ ಇರುವ ನಡುಗಡ್ಡೆ. ತಮಿಳರು ಅದನ್ನು ಮುಕ್ಕಾಲತ್ತಿಟ್ಟು ಎನ್ನುತ್ತಾರೆ, ಮೂರು ಕಾಲಗಳ ದಿಬ್ಬ ಎಂದರ್ಥ. ದೋಣಿ ತಾಗುವ ಕಡೆ ಮೇಲೂರು. ಅಲ್ಲಿ ಈಗಿನ ಕಾಲವೇ. ಮೊಬೈಲ್ ಅಂಗಡಿ, ಕೇಬಲ್ಲು, ಸ್ಕೂಟರು ಎಲ್ಲ ಉಂಟು. ಒಂದು ಮಣ್ಣಿನ ಬೀದಿ ದಾಟಿದರೆ ನಡುವೂರು. ಅದು ನಮಗಿಂತ ಐವತ್ತು ವರ್ಷ ಹಿಂದೆ ನಡೆಯುವ ಊರು. ಅದರಾಚೆ ತೆಂಗಿನ ತೋಪು ಮುಗಿದಲ್ಲಿ ಕೆಳಗೂರು. ಅಲ್ಲಿನವರು ಈಗಲೂ ಹಾಯಿಹಡಗು ಬಂದರೆ ದಂಡೆಗೆ ಓಡುತ್ತಾರೆ, ರೈಲು ಎಂದರೆ ಅವರಿಗೆ ತಿಳಿಯದು. ಹಗಲು ಹೊತ್ತು ಮೇಲಿನವರು ಕೆಳಕ್ಕೆ ಹೋಗಿ ಬರಬಹುದು. ಆದರೆ ಯಾರಿಗೆ ಎಲ್ಲಿ ನಿದ್ದೆ ಹತ್ತಿತೋ ಅವರು ಅಲ್ಲಿಯ ಕಾಲಕ್ಕೆ ಸೇರಿಹೋದರು. ಆಮೇಲೆ ಮೇಲಕ್ಕೆ ದಾರಿಯಿಲ್ಲ. ಬೀದಿ ದಾಟಲು ನಡೆದವರು ಹೊರಟ ಬದಿಗೇ ಬಂದು ನಿಲ್ಲುತ್ತಾರೆ; ನೀರಿಗಿಳಿದರೆ ದೋಣಿ ಸುತ್ತಿ ಅದೇ ದಂಡೆಗೆ ತರುತ್ತದೆ.

ಇದು ಚೆನ್ನೈಯವರಿಗೆಲ್ಲ ಗೊತ್ತಿರುವ ಸಂಗತಿ. ಅದಕ್ಕೇ ಮಕ್ಕಳಿಗೆ ಲಸಿಕೆ ಹಾಕಲು ಹೋಗುವ ತಂಡ ಬೆಳಿಗ್ಗೆ ಹೋಗಿ ಸಂಜೆ ನಾಲ್ಕರ ದೋಣಿಗೆ ಹೊರಟುಬಿಡುತ್ತದೆ. ಹೊರಡುವಾಗ ಮೌನಳ ಜೊತೆಯವರು ಕೇಳಿಯೂ ಕೇಳಿದ್ದರು, "ನಿದ್ದೆಗೆಟ್ಟಿದ್ದೀಯಲ್ಲ, ಪರವಾಗಿಲ್ಲವಾ?" ಎಂದು. "ದೋಣಿಯಲ್ಲಿ ಮಲಗಿಬಿಡ್ತೀನಿ" ಎಂದು ನಕ್ಕಿದ್ದಳು. ದೋಣಿಯಲ್ಲಿ ಬಿಸಿಲು ಕಣ್ಣಿಗೆ ಹೊಡೆದು ನಿದ್ದೆ ಬರಲಿಲ್ಲ.

ನಡುವೂರಿನಲ್ಲಿ ಒಂದೇ ಒಂದು ಕನ್ನಡದ ಮನೆ. ಬಹಳ ತಲೆಮಾರುಗಳ ಹಿಂದೆ ಮದರಾಸಿಗೆ ಬಂದು ನೆಲೆಸಿದ ವೈಷ್ಣವರು. ಮನೆಯ ಯಜಮಾನಿ ಜಯಲಕ್ಷ್ಮೀ, ಕಚ್ಚೆಸೀರೆಯ ಗಟ್ಟಿ ಹೆಂಗಸು. ಅವಳ ಮಗ ಹರಿದಾಸ ಮಧ್ಯಾಹ್ನದ ಹೊತ್ತಿಗೆ ಓಡಿಬಂದು, ಹೆಂಡತಿ ಸುಮೇಧಾಗೆ ನಿನ್ನೆಯಿಂದ ನೋವು, ಇನ್ನೂ ಹೆರಿಗೆಯಾಗಿಲ್ಲ, ಒಮ್ಮೆ ಬಂದು ನೋಡಬೇಕು ಎಂದು ಕೈಮುಗಿದ. ಮೌನ ಹೋಗಿ ನೋಡಿದಳು. ಚೊಚ್ಚಲ ಹೆರಿಗೆ, ಹುಡುಗಿ ಸುಸ್ತಾಗಿ ಕಣ್ಣು ಮೇಲೆ ಮಾಡುತ್ತಿದ್ದಳು. ಬಿಟ್ಟು ಬರುವ ಹಾಗಿರಲಿಲ್ಲ. ನಾಲ್ಕರ ದೋಣಿಯವರಿಗೆ, "ನೀವು ಹೋಗಿ, ನಾನು ಮುಗಿಸಿಕೊಂಡು ಮೇಲೂರಲ್ಲಿ ಮಲಗಿ ಬೆಳಿಗ್ಗೆ ಬರ್ತೀನಿ, ಮನೆಗೆ ಫೋನ್ ಮಾಡಿ ಹೇಳಿಬಿಡಿ" ಎಂದು ಕಳಿಸಿದಳು.

ಕತ್ತಲಾದ ಮೇಲೆ ಗಂಡುಮಗು ಹುಟ್ಟಿತು. ಅದು ಅತ್ತು ಎಲ್ಲರೂ ನಗುವಷ್ಟರಲ್ಲಿ ತಾಯಿಗೆ ರಕ್ತ ಹರಿಯತೊಡಗಿತು. ಮೌನ ಸೂಜಿಮದ್ದು ಕೊಟ್ಟು, ಎರಡೂ ಕೈಯಿಂದ ಹೊಟ್ಟೆ ಒತ್ತಿ ಹಿಡಿದು, ರಕ್ತ ನಿಲ್ಲುವ ತನಕ ಬಿಡಲಿಲ್ಲ. ನಿಂತಾಗ ಅವಳ ಕೈಗಳು ಮರಗಟ್ಟಿದ್ದವು. ಬೀದಿ ಅಲ್ಲಿಂದ ಕೂಗಳತೆಯ ದೂರ. ಒಂದು ಗಳಿಗೆ ಕೂತು ಎದ್ದರಾಯಿತು ಎಂದು ಗೋಡೆಗೆ ಒರಗಿದಳು.

ಕಣ್ಣು ಬಿಟ್ಟಾಗ ಕಿಟಕಿಯಲ್ಲಿ ಬೆಳಕಿತ್ತು. ಪಕ್ಕದಲ್ಲಿ ಒಂದು ಹಿತ್ತಾಳೆ ಲೋಟದಲ್ಲಿ ಕಾಫಿ ಕೆನೆಗಟ್ಟಿ ತಣ್ಣಗಾಗಿತ್ತು. ಅದನ್ನು ಕಂಡದ್ದೇ ಅವಳಿಗೆ ಎಲ್ಲ ತಿಳಿಯಿತು. ಯಾರೋ ಬಂದಿದ್ದಾರೆ, ನೋಡಿದ್ದಾರೆ, ಲೋಟ ಇಟ್ಟು ಹೋಗಿದ್ದಾರೆ.

"ನನ್ನನ್ನ ಯಾಕೆ ಎಬ್ಬಿಸ್ಲಿಲ್ಲ?" ಎಂದು ಹಿತ್ತಿಲಿಗೆ ಹೋಗಿ ಕೇಳಿದಳು.

ಜಯಲಕ್ಷ್ಮೀ ಬಾವಿಕಟ್ಟೆಯ ಬಳಿ ನಿಂತಿದ್ದಳು. ಸುಳ್ಳು ಹೇಳಲಿಲ್ಲ. "ಎಬ್ಬಿಸಬಾರದೂಂತಲೇ ಎಬ್ಬಿಸಲಿಲ್ಲ ಅಮ್ಮಾ" ಎಂದಳು.

"ಅಂದ್ರೆ?"

"ಕಾಫಿ ತಂದೆ. ನೀನು ಪಾವಂ, ಪಾಪ, ಕೂತಲ್ಲೇ ತೂಕಡಿಸ್ತಿದ್ದಿ, ಪೂರಾ ನಿದ್ದೆ ಹತ್ತಿರಲಿಲ್ಲ. ಎಬ್ಬಿಸೋಣಾಂತ ಕೈ ಚಾಚಿದೆ. ಹೋದ ವರ್ಷ ನನ್ನ ಮಗಳು ಇದೇ ರೂಮಲ್ಲಿ ಹೋದಳು. ರಕ್ತ ನಿಲ್ಲಲೇ ಇಲ್ಲ. ನಿಮ್ಮ ದೋಣಿ ಹೊರಟುಬಿಟ್ಟಿತ್ತು. ಈ ಊರಿಗೆ ಒಬ್ಬ ನರ್ಸ್ ವೇಣುಂ, ಬೇಕೇ ಬೇಕು ಅಂತ ಮನಸ್ಸಿಗೆ ಬಂತು. ಕೈ ಹಿಂದೆ ತಗೊಂಡೆ. ತಪ್ಪು ತಾನೇ. ದೊಡ್ಡ ತಪ್ಪು. ಬೈದುಬಿಡು."

ಮೌನ ಬರಿಗಾಲಿನಲ್ಲಿ ಓಡಿದಳು. ಬೀದಿಯ ಆಚೆ ಮೇಲೂರಿನ ಟೀ ಅಂಗಡಿ ಕಾಣುತ್ತಿತ್ತು, ಬಾಗಿಲಲ್ಲಿ ಚಿಪ್ಸ್ ಪೊಟ್ಟಣದ ಸರ ತೂಗುತ್ತಿತ್ತು. ಅದನ್ನೇ ನೋಡುತ್ತಾ ನಡೆದಳು. ನಡುಬೀದಿಯಲ್ಲಿ ರೆಪ್ಪೆ ಬಡಿದಂತಾಯಿತು ಅಷ್ಟೆ, ಎದುರಿಗೆ ಜಯಲಕ್ಷ್ಮೀಯ ಮನೆಯ ಜಗಲಿ, ಅಲ್ಲಿ ತಲೆ ತಗ್ಗಿಸಿ ನಿಂತ ಹರಿದಾಸ. ತಿರುಗಿ ಮತ್ತೆ ನಡೆದಳು. ಮತ್ತೆ ಜಗಲಿ. ಓಡಿದಳು, ಹಿಂದು ಹಿಂದಕ್ಕೆ ನಡೆದಳು, ಕಣ್ಣು ಮುಚ್ಚಿ ನೆಲದ ಮೇಲೆ ತೆವಳಿದಳು. ಟೀ ಅಂಗಡಿಯವನು ಮೊದಲು ನೋಡಿದ, ಆಮೇಲೆ ಮುಖ ತಿರುಗಿಸಿಕೊಂಡ. ಬಿಸಿಲು ನೆತ್ತಿಗೆ ಬರುವ ಹೊತ್ತಿಗೆ ಅವಳು ಬೀದಿಯ ಅಂಚಿನಲ್ಲಿ ಕುಸಿದು ಕೂತಿದ್ದಳು. ಕೈಯಲ್ಲಿದ್ದ ಮೊಬೈಲು ಕಪ್ಪಗಿತ್ತು, ಮತ್ತೆ ಹೊತ್ತಿಕೊಳ್ಳಲಿಲ್ಲ.

ಅಭಿಲಾಷ ಅಂದೇ ಬಂದ. ಮಗುವನ್ನೂ ಕರೆತಂದಿದ್ದ. ಅವನು ಬೀದಿ ದಾಟಿ ಬಂದು ಅವಳನ್ನು ಹಿಡಿದುಕೊಂಡಾಗ ಒಂದು ಕ್ಷಣ ಎಲ್ಲ ಸರಿಹೋಯಿತೆಂದೇ ಅವಳಿಗೆ ಅನಿಸಿತ್ತು. ಅವನ ಅಂಗಿಯಲ್ಲಿ ಮನೆಯ ಸೋಪಿನ ವಾಸನೆಯಿತ್ತು.

"ನಾನೂ ಇಲ್ಲೇ ಮಲಗಿಬಿಡ್ತೀನಿ ಕಣೆ" ಎಂದ ಅವನು.

"ಪಾವನಾ?"

"ಅವಳೂ..."

"ಬೇಡ. ಇಲ್ಲಿ ಏನಿದೆ ಅಂತ ಅವಳನ್ನ ತಂದು ಹಾಕ್ತೀಯ? ಒಂದು ಒಳ್ಳೆ ಸ್ಕೂಲಿಲ್ಲ, ಡಾಕ್ಟರಿಲ್ಲ. ಕೆರೆಯಷ್ಟಗಲ ಊರು. ಹೊರಗೆ ಕಾಲಿಡೋ ಹಾಗಿಲ್ಲ."

ಮಗು ಅಷ್ಟರಲ್ಲಿ ಆಕಾಶಕ್ಕೆ ಕೈ ತೋರಿಸಿ, "ಅಮ್ಮಾ, ಫ್ಲೈಟ್ ಪಾರು, ನೋಡು!" ಎಂದು ಕುಣಿಯಿತು. ಮೌನ ತಲೆಯೆತ್ತಿದಳು. ಬರಿಯ ನೀಲಿ ಆಕಾಶ. ಉತ್ತರ ದಿಕ್ಕಿನಲ್ಲಿ ನಿನ್ನೆ ತನಕ ಕಾಣುತ್ತಿದ್ದ ವೇಲಚೇರಿಯ ಮಹಡಿಗಳ ಜಾಗದಲ್ಲಿ ತಾಳೆಮರಗಳು, ಅದರಾಚೆ ಏನೂ ಇಲ್ಲ. "ಹೂಂ ಕಂದ, ಕಾಣಿಸ್ತು. ಎಷ್ಟು ದೊಡ್ಡದು!" ಎಂದಳು.

ಅಂದಿನಿಂದ ಪ್ರತಿ ಭಾನುವಾರ ಅಪ್ಪ ಮಗಳು ಬರತೊಡಗಿದರು. ಊರಿನವರು ಮೌನಳಿಗೆ ಬೀದಿಯಂಚಿನಲ್ಲೇ ಎರಡು ಕೋಣೆಯ ಹೆಂಚಿನ ಮನೆ ಬಿಟ್ಟುಕೊಟ್ಟರು. ಅಕ್ಕಿ, ಮೀನು, ಕಾಯಿ ಅವರೇ ತಂದು ಬಾಗಿಲಲ್ಲಿ ಇಡುತ್ತಿದ್ದರು. ಯಾರೂ ಒಳಗೆ ಬರುವ ಧೈರ್ಯ ಮಾಡಲಿಲ್ಲ. ಹೆರಿಗೆ ಎಂದು ಕರೆ ಬಂದಾಗ ಮೊದಲ ಎರಡು ಬಾರಿ ಅವಳು ಕದ ಹಾಕಿಕೊಂಡು ಕೂತಳು. ಎರಡನೆಯ ಸಲ ಆ ಹೆಣ್ಣಿನ ಕೂಗು ಗೋಡೆ ದಾಟಿ ಬಂತು. ಎದ್ದು ಹೋದಳು. ಆಮೇಲೆ ಯಾರು ಕರೆದರೂ ಹೋದಳು. ಜಯಲಕ್ಷ್ಮೀಯ ಮನೆಗೂ ಹೋಗಿ ಸುಮೇಧಾಳನ್ನು, ಕೂಸನ್ನು ನೋಡಿ ಬರುತ್ತಿದ್ದಳು. ಜಯಲಕ್ಷ್ಮೀಯ ಕಡೆ ಮಾತ್ರ ತಲೆಯೆತ್ತುತ್ತಿರಲಿಲ್ಲ.

ಮೂರು ತಿಂಗಳಾದ ಮೇಲೆ ಹಳ್ಳಿಯಿಂದ ಅವಳ ತಾಯಿ ಕರಿಯಮ್ಮ ಬಂದಳು. ಅಳಿಯ ರೈಲು ಹತ್ತಿಸಿಕೊಂಡು ಬಂದಿದ್ದ. ಒಂದು ಕೈಚೀಲದಲ್ಲಿ ರಾಗಿಹಿಟ್ಟು, ಇನ್ನೊಂದರಲ್ಲಿ ಎರಡು ಸೀರೆ. ಹಗಲೆಲ್ಲ ಮಗಳ ತಲೆಗೆ ಎಣ್ಣೆ ಹಚ್ಚಿ, ಮುದ್ದೆ ತಿರುವಿ ಉಣಿಸಿ, ಊರಿನ ಸುದ್ದಿ ಹೇಳಿದಳು. ಸಂಜೆ ದೋಣಿಯವನ ಕೂಗು ಕೇಳಿದಾಗ ಮೌನ ಎದ್ದು ಚೀಲ ತಂದುಕೊಟ್ಟಳು.

"ಏಳವ್ವ, ಹೊತ್ತಾಯ್ತು. ದೋಣಿ ಹೊಂಟೋಯ್ತದ."

"ಹೋಗ್ಲಿ ಬುಡು" ಎಂದು ಕರಿಯಮ್ಮ ಚಾಪೆ ಬಿಡಿಸಿದಳು.

"ಅವ್ವಾ!"

"ಅಪ್ಪ ಹೋದ್ಮೇಲ ಆ ಮನೇಲಿ ನಾ ಒಬ್ಳೇ ಮನಿಕತ್ತಿದ್ದಿ. ಇಲ್ಲಿ ನಿನ್ ಪಕ್ಕ್ದಲ್ಲಿ ಮನಿಕತ್ತೀನಿ. ನಿದ್ದ ಬರೋದು ನಂಗ, ನಿಂಗೇನ ಕಷ್ಟ ಕೂಸೆ?"

ಮೌನ ಕೈ ಹಿಡಿದೆಳೆದಳು, ಬೇಡಿದಳು, ಕೊನೆಗೆ ಬೈದಳು. ಅಭಿಲಾಷ ಹೊಸ್ತಿಲಲ್ಲಿ ಏನು ಮಾಡಲೂ ತೋಚದೆ ನಿಂತಿದ್ದ. ಕರಿಯಮ್ಮ ಸೆರಗನ್ನು ಮುಖದ ಮೇಲೆ ಎಳೆದುಕೊಂಡು ಗೋಡೆಯ ಕಡೆ ಹೊರಳಿದಳು. ಬದುಕೆಲ್ಲ ದುಡಿದ ಮೈ, ತಲೆ ಇಟ್ಟೊಡನೆ ಗೊರಕೆ ಬಂತು. ಆ ಗೊರಕೆ ಕೇಳುತ್ತಾ ಮೌನ ತಲೆ ಚಚ್ಚಿಕೊಂಡಳು. ತನ್ನಿಂದ ಇನ್ನೊಂದು ಜೀವ ಸಿಕ್ಕಿಬಿತ್ತು ಎಂಬ ಸಂಕಟ ಒಂದು ಕಡೆ. ಇನ್ನು ಮೇಲೆ ಒಬ್ಬಳೇ ಇರಬೇಕಾಗಿಲ್ಲ ಎಂಬ, ನಾಚಿಕೆಪಡುವಂಥ ನೆಮ್ಮದಿ ಇನ್ನೊಂದು ಕಡೆ.

ಭಾನುವಾರಗಳೇ ಅವಳಿಗೆ ಹೆಚ್ಚು ಕಷ್ಟದ ದಿನಗಳಾಗಿದ್ದವು. ಇಡೀ ವಾರ ಮಗಳಿಗಾಗಿ ಕಾಯುವುದು, ಬಂದ ಮೇಲೆ ಅವಳು ತೂಕಡಿಸದಂತೆ ಕಾಯುವುದು. ಬೆಳಿಗ್ಗೆ ಬೇಗ ಎಬ್ಬಿಸಿ ಬಸ್ಸು, ದೋಣಿ ಹತ್ತಿಸಿ ತಂದ ಮಗು, ಉಂಡೊಡನೆ ಕಣ್ಣು ಎಳೆಯುತ್ತಿತ್ತು. ಮೌನ ಕತೆ ಹೇಳುವಳು, ಕುಂಟೆಬಿಲ್ಲೆ ಆಡಿಸುವಳು, ಹುಣಿಸೆಹಣ್ಣು ಬಾಯಿಗಿಡುವಳು, ಕಂಕುಳಲ್ಲಿ ಕಚಗುಳಿ ಇಡುವಳು. ತೊಡೆಯ ಮೇಲೆ ಮಾತ್ರ ಕೂರಿಸಿಕೊಳ್ಳುತ್ತಿರಲಿಲ್ಲ. ಬೇರೆ ತಾಯಂದಿರು ಮಕ್ಕಳನ್ನು ಮಲಗಿಸಲು ಪಡುವ ಪಾಡನ್ನು ಅವಳು ಎಬ್ಬಿಸಿಡಲು ಪಡುತ್ತಿದ್ದಳು.

ಒಂದು ಬೇಸಿಗೆಯ ಭಾನುವಾರ ಪಾವನಾ ಜ್ವರ ಬಿಟ್ಟು ಎದ್ದು ಬಂದಿದ್ದಳು. ಆರು ವರ್ಷವಾಗಿತ್ತು. ಮೈಯೆಲ್ಲ ಇಳಿದು ಕತ್ತು ಕಡ್ಡಿಯಾಗಿತ್ತು. ಆಫೀಸಿನ ಫೋನು ಬರುವುದಿದೆಯೆಂದು ಅಭಿಲಾಷ ಮೇಲೂರಿಗೆ ಹೋದ. ಮಗು ತಾನಾಗಿಯೇ ಬಂದು ತಾಯಿಯ ತೊಡೆಯ ಮೇಲೆ ತಲೆ ಇಟ್ಟಿತು. ಮೌನ ಬೇಡವೆನ್ನಲಿಲ್ಲ. ಒಂದೇ ನಿಮಿಷ ಎಂದುಕೊಂಡಳು. ಕೂದಲಿನಲ್ಲಿ ಬೆವರಿನ, ಔಷಧದ ವಾಸನೆಯಿತ್ತು. ಮಗುವಿನ ರೆಪ್ಪೆ ಇಳಿಯಿತು, ಎದ್ದಿತು, ಮತ್ತೆ ಇಳಿಯಿತು.

ಮೂಲೆಯಲ್ಲಿ ಹುಣಿಸೆಹಣ್ಣು ಬಿಡಿಸುತ್ತಿದ್ದ ಕರಿಯಮ್ಮ ತಗ್ಗಿದ ದನಿಯಲ್ಲಿ, "ಬುಡು ಕೂಸೆ" ಎಂದಳು. "ಮನಿಕಳ್ಳಿ. ಎತ್ತವ್ವನ ತಾವು ಇರ್ಲಿ. ಯಾರ್ ಕೇಳಾರು?"

ತನ್ನ ಕೈ ಮಗುವಿನ ಬೆನ್ನನ್ನು ಮೆಲ್ಲಗೆ ತಟ್ಟುತ್ತಿರುವುದು ಆಗ ಮೌನಳ ಗಮನಕ್ಕೆ ಬಂತು. ಯಾವಾಗ ತಟ್ಟಲು ಶುರುಮಾಡಿದ್ದಳೋ ಅವಳಿಗೇ ಗೊತ್ತಿರಲಿಲ್ಲ. ನಿಲ್ಲಿಸಬೇಕೆಂದುಕೊಂಡಳು, ಕೈ ನಿಲ್ಲಲಿಲ್ಲ. ನಾಳೆ ಬೆಳಿಗ್ಗೆ ಈ ತಲೆಗೆ ಎಣ್ಣೆ ಹಚ್ಚಿ ಜಡೆ ಹಾಕಬಹುದು. ನಾಡಿದ್ದೂ ಹಾಕಬಹುದು. ಇವಳಿಗೆ ಮತ್ತೆ ಜ್ವರ ಬಂದರೆ ತಾನೇ ರಾತ್ರಿಯಿಡೀ ಕೂತು ನೋಡಿಕೊಳ್ಳಬಹುದು. ಅಭಿಲಾಷನೂ ಬಂದೇ ಬರುತ್ತಾನೆ, ಬೇರೆ ದಾರಿ ಇರುವುದಿಲ್ಲ.

ಬಾಗಿಲಲ್ಲಿ ನೆರಳಾಯಿತು. ಮಗುವಿಗೆಂದು ಗಂಜಿ ತಂದಿದ್ದ ಜಯಲಕ್ಷ್ಮೀ ಹೊಸ್ತಿಲ ಆಚೆಯೇ ನಿಂತಿದ್ದಳು. ತೊಡೆಯ ಮೇಲಿನ ಮಗುವನ್ನು ನೋಡಿದಳು, ತಟ್ಟುತ್ತಿದ್ದ ಕೈಯನ್ನು ನೋಡಿದಳು.

ಮೌನ ಮಗುವನ್ನು ಬಾಚಿ ಎತ್ತಿಕೊಂಡು ಹೊರಗೆ ಓಡಿದಳು. ಮಗುವಿನ ಕತ್ತು ಹಿಂದಕ್ಕೆ ಜೋತಿತು. "ಪಾವನಾ! ಏಳು! ಏಳೇ!" ಎಂದು ಕೂಗುತ್ತಾ ಕೆನ್ನೆಗೆ ಹೊಡೆದಳು. ಅಂಗಳದ ತೊಟ್ಟಿಯಿಂದ ನೀರು ಮೊಗೆದು ಮುಖಕ್ಕೆ ಎರಚಿದಳು. ಮಗು ಕಿಟಾರನೆ ಕಿರುಚಿ ಕೊಸರಾಡಿತು. ಬೀದಿಯ ಅಂಚಿಗೆ ತಂದು ಆಚೆಗೆ ದೂಡಿದಾಗ ಅದು ಎರಡು ಹೆಜ್ಜೆ ಮುಗ್ಗರಿಸಿತು. ಆಚೆ ಬದಿಗೆ ಹೋಗುತ್ತದೋ, ತನ್ನ ಹಾಗೆ ತಿರುಗಿ ಬಂದು ನಿಲ್ಲುತ್ತದೋ! ಮಗು ನಡೆಯಿತು. ನಡುಬೀದಿ ದಾಟಿತು. ಟೀ ಅಂಗಡಿಯಿಂದ ಓಡಿಬಂದ ಅಪ್ಪನ ಕಾಲು ತಬ್ಬಿಕೊಂಡು, "ಅಮ್ಮಾ ಅಡಿಚ್ಚಿಟ್ಟಾ! ಎನಕ್ಕು ಅಮ್ಮಾ ವೇಂಡಾಂ!" ಎಂದು ಬಿಕ್ಕಿತು. ಅಮ್ಮ ಹೊಡೆದಳು, ನನಗೆ ಅಮ್ಮ ಬೇಡ.

"ಕರ್ಕೊಂಡು ಹೋಗು" ಎಂದಳು ಮೌನ ಈಚೆಯಿಂದ. "ಬೇಗ ಹೋಗು."

ಅಂದು ಸಂಜೆ ಜಯಲಕ್ಷ್ಮೀ ಮತ್ತೆ ಬಂದು ಬಾಗಿಲಲ್ಲಿ ನಿಂತಳು. "ಅವತ್ತು ನನ್ನಿಂದ ಅಷ್ಟು ಆಗಲಿಲ್ಲ ಅಮ್ಮಾ" ಎಂದಳು.

"ಹೌದು. ನಿಮ್ಮಿಂದ ಆಗ್ಲಿಲ್ಲ" ಎಂದು ಮೌನ ಕದ ಮುಚ್ಚಿದಳು.

ಆ ವರ್ಷ ದೀಪಾವಳಿ ಕಳೆಯುವ ತನಕ ಮಗು ತಿಟ್ಟಿಗೆ ಬರಲು ಒಪ್ಪಲಿಲ್ಲ. ಅಭಿಲಾಷನೊಬ್ಬನೇ ಬಂದು ಹೋಗುತ್ತಿದ್ದ. ಅವನ ಜೊತೆ ಮಾತಾಡಲು ಬರಬರುತ್ತಾ ವಿಷಯ ಕಡಿಮೆಯಾಯಿತು. ಅವನ ಲೋಕದಲ್ಲಿ ದಿನಕ್ಕೊಂದು ಹೊಸತು. ಅವಳ ಲೋಕದಲ್ಲಿ ರೇಡಿಯೋ ಹೇಳುವ ಸುದ್ದಿ ಅವನಿಗೆ ಶಾಲೆಯಲ್ಲಿ ಓದಿ ಮರೆತ ಪಾಠ. ಅವನ ಮನೆಯವರು ಇನ್ನೊಂದು ಮದುವೆಗೆ ಒತ್ತಾಯಿಸುತ್ತಿದ್ದಾರೆಂದು ಒಂದು ದಿನ ಅವನೇ ಹೇಳಿದ. "ಮಾಡ್ಕೋ" ಎಂದಳು ಮೌನ. "ಪಾವನಾಗೆ ತಲೆ ಬಾಚೋರು ಬೇಕು." ಎರಡು ವರ್ಷದ ಹಿಂದೆ ಅವನು ಮದುವೆಯಾದ. ಆ ಹೆಂಗಸು ಒಮ್ಮೆ ಜೊತೆಗೆ ಬಂದು ಬೀದಿಯ ಆಚೆಯೇ ನಿಂತಿದ್ದಳು, ಈಚೆಗೆ ಬರಲಿಲ್ಲ. ಮೌನ ಇಲ್ಲಿಂದಲೇ ಕೂಗಿ ಹೇಳಿದ್ದು ಇಷ್ಟು: "ಅವಳಿಗೆ ಧೂಳಾದ್ರೆ ಉಬ್ಬಸ ಬರತ್ತೆ. ಹೊದಿಕೆ ಬಿಸಿಲಿಗೆ ಹಾಕ್ತಾ ಇರಿ." ಆಕೆ ತಲೆಯಾಡಿಸಿದಳು.

ಈಗ ಮೌನ ಆ ಊರಿನ ನರ್ಸಮ್ಮ. ನಡುವೂರಿನ ಅಂಗಳಗಳಲ್ಲಿ ಓಡಾಡುವ ಮಕ್ಕಳಲ್ಲಿ ಹೆಚ್ಚಿನವು ಅವಳ ಕೈಯಲ್ಲೇ ಹುಟ್ಟಿದವು. ಬಾಣಂತಿ ಸಾವು ಎಂಬ ಮಾತು ಊರಿನಲ್ಲಿ ಕೇಳಿಬಂದು ವರ್ಷಗಳಾದವು. ಊರಿನವರು ಅದಕ್ಕಾಗಿ ಅವಳಿಗೆ ಕೈಮುಗಿಯುತ್ತಾರೆ. ಮುಗಿದ ಕೈಗಳನ್ನು ನೋಡಿದಾಗಲೆಲ್ಲ ಅವಳಿಗೆ ಸಿಟ್ಟು ಬರುತ್ತದೆ. ಜಯಲಕ್ಷ್ಮೀಗೆ ಈಚೆಗೆ ಕೀಲುನೋವು. ಮೌನ ಹೋಗಿ ಎಣ್ಣೆ ತಿಕ್ಕಿ, ಮದ್ದು ಕೊಟ್ಟು, ಒಂದೂ ಮಾತಿಲ್ಲದೆ ಬರುತ್ತಾಳೆ. ಕರಿಯಮ್ಮ ಹಿತ್ತಿಲಲ್ಲಿ ರಾಗಿ ಬಿತ್ತಿದ್ದಾಳೆ. ಉಪ್ಪುಗಾಳಿಗೆ ತೆನೆ ಸರಿಯಾಗಿ ಕಟ್ಟುವುದಿಲ್ಲ. ಸಂಜೆ ಜಗಲಿಯಲ್ಲಿ ಕೂತು ನೀರು ನೋಡುವ ತಾಯಿಯನ್ನು ಮೌನ ಒಮ್ಮೆ ಕೇಳಿದಳು.

"ಬಂದದ್ದು ತಪ್ಪಾಯ್ತಾ ಅವ್ವ?"

"ತಪ್ಪೇನಿಲ್ಲ ಕೂಸೆ" ಎಂದಳು ಕರಿಯಮ್ಮ. "ಬ್ಯಾಸರ, ಅಷ್ಟೇಯ."

ಹೋದ ತಿಂಗಳು ಪಾವನಾ ಮೊದಲ ಸಲ ಒಬ್ಬಳೇ ದೋಣಿ ಹತ್ತಿ ಬಂದಳು. ಹದಿಮೂರು ವರ್ಷದ ಹುಡುಗಿ, ಅಪ್ಪನ ಎತ್ತರ. ಅವಳಿಗೆ ಕನ್ನಡ ಕೇಳಿದರೆ ತಿಳಿಯುತ್ತದೆ, ಬಾಯಿಗೆ ಬರುವುದು ತಮಿಳೇ. ಅಜ್ಜಿಗೆ "ಊಟ ಆಯ್ತಾ" ಎನ್ನುವುದೊಂದು ಮಾತ್ರ ಕನ್ನಡದಲ್ಲಿ. ಊಟವಾದೊಡನೆ ಮೌನ ಎಂದಿನಂತೆ ಶುರುಮಾಡಿದಳು: ಸ್ಕೂಲು ಹೇಗಿದೆ, ಗೆಳತಿಯರು ಯಾರು, ಪಲ್ಲಾವರಂ ಸಂತೆಯಲ್ಲಿ ಏನು ಕೊಂಡೆ, ಅದೇನು, ಇದೇನು. ಹುಡುಗಿ ಸ್ವಲ್ಪ ಹೊತ್ತು ಉತ್ತರ ಕೊಟ್ಟಳು.

ಆಮೇಲೆ, "ಅಮ್ಮಾ, ಕೊಂಜ ನೇರಂ ಸುಮ್ಮಾ ಇರೇನ್" ಎಂದಳು. ಸ್ವಲ್ಪ ಹೊತ್ತು ಸುಮ್ಮನಿರಮ್ಮ. "ನಾನ್ ತೂಂಗ ಮಾಟ್ಟೇನ್. ಪ್ರಾಮಿಸ್."

ನಾನು ಮಲಗುವುದಿಲ್ಲ, ಎಂದಿದ್ದಳು ಮಗಳು. ಆ ಹುಡುಗಿಗೆ ಎಲ್ಲ ಗೊತ್ತಿತ್ತು. ಯಾವಾಗಿನಿಂದ ಗೊತ್ತಿತ್ತೋ.

ಇಬ್ಬರೂ ಜಗಲಿಯ ಕಂಬಕ್ಕೆ ಒರಗಿ ಕೂತರು. ತೋಪಿನ ಕಡೆಯಿಂದ ಗಾಳಿ ಬರುತ್ತಿತ್ತು. ಹುಡುಗಿ ತಾಯಿಯ ಅಂಗೈ ಎತ್ತಿಕೊಂಡು ಅದರ ಗೆರೆಗಳ ಮೇಲೆ ಬೆರಳಾಡಿಸುತ್ತಾ ನೀರಿನ ಕಡೆ ನೋಡುತ್ತಿದ್ದಳು. ಅವಳು ನೋಡುತ್ತಿದ್ದ ನೀರಿನ ಆಚೆ ಏನೇನಿತ್ತೋ ಮೌನಳಿಗೆ ಕಾಣದು. ಅವಳು ಅತ್ತ ನೋಡಲೂ ಇಲ್ಲ. ದೋಣಿಯವನು ಕೂಗು ಹಾಕುವ ತನಕ ಮಗಳ ರೆಪ್ಪೆಗಳನ್ನೇ ನೋಡುತ್ತಾ ಕೂತಿದ್ದಳು.